ಲಿಂಡರ್, ಮ್ಯಾಕ್ಸ್ (1883–1925)

ಫ್ರಾನ್ಸಿನ ಮೂಕಿಚಿತ್ರಗಳ ಕಾಲದ ಹಾಸ್ಯನಟ, ನಿರ್ದೇಶಕ, ಚಿತ್ರಕಥೆಗಾರ. ನಿಜನಾಮ ಗಾಬ್ರಿಯೆಲ್ ಲ್ಯೂವಿಯೆಲ್. ರೇಷ್ಮೆಯ ಎತ್ತರದ ಟೋಪಿ, ಮೈಗೆ ಅಚ್ಚುಕಟ್ಟಾಗಿ ಕೂರುವ ಕೋಟು, ಕೈಗವಸು, ಬೆತ್ತ, ಮಿರಿಮಿರಿ ಮಿಂಚುವ ಬೂಟು, ತಿದ್ದಿ ತೀಡಿದ ಮೀಸೆ. ಈ ವೇಷದಲ್ಲಿ ‘ಮ್ಯಾಕ್ಸ್’ ಎಂಬ ಪ್ಯಾರಿಸ್ಸಿನ ಶೋಕಿಲಾಲನನ್ನು ಸೃಷ್ಟಿಸಿ, ಮೊದಲ ಮಹಾಯುದ್ಧ ಶುರುವಾಗುವವರೆಗೆ ಯೂರೋಪಿನ ಉದ್ದಗಲಕ್ಕೂ ಜನರನ್ನು ನಗಿಸಿದ. ನಟನ ಹೆಸರನ್ನೇ ಚಿತ್ರದ ಶೀರ್ಷಿಕೆಯಲ್ಲಿಟ್ಟು ಊರೂರಿಗೆ ಕಳಿಸಬಹುದು, ಆ ಹೆಸರು ನೋಡಿಯೇ ಜನ ಟಿಕೆಟ್ ಕೊಳ್ಳುತ್ತಾರೆ ಎಂಬುದು ಚಿತ್ರೋದ್ಯಮಕ್ಕೆ ಮನವರಿಕೆಯಾದದ್ದು ಬಹುಮಟ್ಟಿಗೆ ಈತನಿಂದ. ಹೀಗಿದ್ದೂ ಸತ್ತ ಕೆಲವು ವರ್ಷಗಳಲ್ಲೇ ಈತ ಮರೆತುಹೋದ. ಮತ್ತೆ ಈತನ ಹೆಸರು ಕೇಳಿಬರಲು ಮಗಳ ದಶಕಗಳ ದುಡಿಮೆ ಬೇಕಾಯಿತು.

ಲಿಂಡರ್ ಬಗೆಗಿನ ಬರಹಗಳು ಬಹಳ ಸಲ ಅವನನ್ನು ಚಾಪ್ಲಿನ್ನನ ಹಿರಿಯನೆಂದಷ್ಟೇ ಪರಿಚಯಿಸಿ ಕೈತೊಳೆದುಕೊಳ್ಳುತ್ತವೆ. ಇದರಿಂದ ಅವನ ಹಾಸ್ಯದ ಸ್ವಂತ ಗುಣ ಮುಚ್ಚಿಹೋಗುತ್ತದೆ. ಅವನ ಮ್ಯಾಕ್ಸ್‌ಗೆ ಪ್ರಾಣಕ್ಕಿಂತ ಮರ್ಯಾದೆ ದೊಡ್ಡದು. ನೀರಿನಲ್ಲಿ ಬಿದ್ದರೂ, ಕುಡಿದು ತೂರಾಡಿದರೂ, ಪೊಲೀಸರು ಹೊತ್ತುಕೊಂಡು ಹೋದರೂ ಅವನು ಎದುರಿಗೆ ಬಂದವರಿಗೆ ಟೋಪಿ ಎತ್ತಿ ವಂದಿಸುವುದನ್ನು ಬಿಡುವುದಿಲ್ಲ. ಆ ಮರ್ಯಾದೆಗೂ ಸಂದರ್ಭಕ್ಕೂ ನಡುವೆ ಬೀಳುವ ಅಂತರವೇ ಅವನ ಚಿತ್ರಗಳ ನಗೆ.

ರಂಗಭೂಮಿಯಿಂದ ಸ್ಟುಡಿಯೋಗೆ

ಹುಟ್ಟಿದ್ದು 1883ರ ಡಿಸೆಂಬರ್ 16ರಂದು, ನೈಋತ್ಯ ಫ್ರಾನ್ಸಿನ ಜಿರೋಂಡ್ ಪ್ರಾಂತದ ಸೇಂಟ್ ಲೂಬೆ ಎಂಬ ಊರಿನಲ್ಲಿ. ಬೋರ್ಡೋ ನಗರಕ್ಕೆ ಹತ್ತಿರದ ಈ ಸೀಮೆ ದ್ರಾಕ್ಷಾರಸಕ್ಕೆ ಹೆಸರಾದದ್ದು. ಲ್ಯೂವಿಯೆಲ್ ಮನೆತನದವರೂ ದ್ರಾಕ್ಷಿ ಬೆಳೆಗಾರರು. ಹುಡುಗನಿಗೆ ತೋಟದ ಕೆಲಸ ಒಗ್ಗಲಿಲ್ಲ, ನಾಟಕದ ಹುಚ್ಚು ಹಿಡಿಯಿತು. ಬೋರ್ಡೋದ ಕನ್ಸರ್ವೇಟರಿಯಲ್ಲಿ ಅಭಿನಯ ಕಲಿತು ಬಹುಮಾನ ಪಡೆದ. ಅಲ್ಲಿನ ರಂಗಮಂದಿರದಲ್ಲಿ ಪಾತ್ರ ಮಾಡಿದ. ಮುಂದೆ ಪ್ಯಾರಿಸ್ಸಿಗೆ ಬಂದು ರಾಜಧಾನಿಯ ಪ್ರತಿಷ್ಠಿತ ಕನ್ಸರ್ವೇಟರಿಗೆ ಸೇರಲು ಯತ್ನಿಸಿದಾಗ ಪ್ರವೇಶ ಸಿಗಲಿಲ್ಲ. ಆಂಬಿಗು ಎಂಬ ರಂಗಮಂದಿರದಲ್ಲಿ ಸಣ್ಣಪುಟ್ಟ ಪಾತ್ರಗಳಿಗೆ ತೃಪ್ತಿಪಡಬೇಕಾಯಿತು.

1905ರ ಹೊತ್ತಿಗೆ ಅವನು ಪಾಥೆ ಕಂಪನಿಯ ಚಿತ್ರಗಳಲ್ಲಿ ಕಾಣಿಸಿಕೊಳ್ಳತೊಡಗಿದ. ಹಗಲು ಸ್ಟುಡಿಯೋ, ರಾತ್ರಿ ನಾಟಕ. ಆಗ ಸಿನಿಮಾ ಎಂದರೆ ಜಾತ್ರೆಯ ಡೇರೆಯಲ್ಲಿ ತೋರಿಸುವ ಅಗ್ಗದ ಮನರಂಜನೆ. ರಂಗನಟರಿಗೆ ಅಲ್ಲಿ ಮುಖ ತೋರಿಸುವುದೇ ನಾಚಿಕೆ. ಹೆಸರು ಬದಲಿಸಿಕೊಳ್ಳುವುದು ಅಂದಿನ ನಟರಲ್ಲಿ ಸಾಮಾನ್ಯವಾಗಿತ್ತು. ಗಾಬ್ರಿಯೆಲ್ ಲ್ಯೂವಿಯೆಲ್ ಕೂಡ ಮ್ಯಾಕ್ಸ್ ಲಿಂಡರ್ ಆದ. ತೊಡಗಿದ ವರ್ಷದಲ್ಲೇ ಬಂದ, ಶಾಲಾ ಹುಡುಗನೊಬ್ಬ ಮೊದಲ ಸಲ ಪೇಟೆಗೆ ಹೊರಡುವ ಕಥೆಯ ಕಿರುಚಿತ್ರ ಅವನ ಆರಂಭದ ಚಿತ್ರಗಳಲ್ಲಿ ಒಂದು. ಇದರ ನಿರ್ದೇಶಕ ಲೂಯಿ ಗ್ಯಾಸ್ನಿಯೆ ಮುಂದೆ ಅಮೆರಿಕಕ್ಕೆ ಹೋಗಿ ‘ದಿ ಪೆರಿಲ್ಸ್ ಆಫ್ ಪಾಲಿನ್’ (1914) ಧಾರಾವಾಹಿ ಚಿತ್ರದಿಂದ ಪ್ರಸಿದ್ಧನಾದ.

ಮೊದಲ ಎರಡು ವರ್ಷ ಲಿಂಡರ್ ಎಲ್ಲ ಬಗೆಯ ಪಾತ್ರ ಮಾಡಿದ. ಯಾವುದರಲ್ಲೂ ಗುರುತಿಸುವಂಥ ಮುಖವಿರಲಿಲ್ಲ. 1907ರಲ್ಲಿ ತೆಗೆದ ‘ಸ್ಕೇಟಿಂಗ್ ಕಲಿಯುವವನ ಮೊದಲ ಪಾಠ’ ಎಂಬರ್ಥದ ಹೆಸರಿನ ಕಿರುಚಿತ್ರದಲ್ಲಿ ಅವನು ಹೆಪ್ಪುಗಟ್ಟಿದ ಕೆರೆಯ ಮೇಲೆ ಸಂಜೆಯ ಕೂಟಕ್ಕೆ ಹೊರಟವನಂತೆ ಅಲಂಕರಿಸಿಕೊಂಡು ಬಂದು, ನಿಲ್ಲಲಾರದೆ ಜಾರಿ ಜಾರಿ ಬೀಳುತ್ತಾನೆ. ವೇಷ ಮತ್ತು ವಿಪತ್ತಿನ ಈ ಜೋಡಿಯಲ್ಲಿ ಮುಂದಿನ ಮ್ಯಾಕ್ಸ್‌ನ ಬೀಜವಿದೆ ಎಂದು ಸಿನಿಮಾ ಇತಿಹಾಸಕಾರರು ಗುರುತಿಸುತ್ತಾರೆ. ಆದರೆ ಈ ಚಿತ್ರ ಆಗ ಗೆದ್ದಿತೆನ್ನಲಾಗದು. ಪಾತ್ರ ನೆಲೆಯೂರಲು ಇನ್ನೂ ಎರಡು ಮೂರು ವರ್ಷ ಹಿಡಿಯಿತು.

ಪಾಥೆಯ ಮ್ಯಾಕ್ಸ್

ಲಿಂಡರ್‌ನ ಏಳಿಗೆಯನ್ನು ಪಾಥೆಯ ವ್ಯಾಪಾರದಿಂದ ಬೇರೆ ಮಾಡಿ ನೋಡಲಾಗದು. ಶಾರ್ಲ್ ಪಾಥೆ ಮತ್ತು ಸೋದರರು ಕಟ್ಟಿದ, ಹುಂಜದ ಲಾಂಛನದ ಈ ಕಂಪನಿ ಆಗ ಜಗತ್ತಿನಲ್ಲೇ ಅತಿ ದೊಡ್ಡ ಚಿತ್ರ ತಯಾರಕ. ಪ್ಯಾರಿಸ್ಸಿನ ಅಂಚಿನ ವಿನ್ಸೆನ್ ಎಂಬಲ್ಲಿ ಅದರ ಸ್ಟುಡಿಯೋ ಮತ್ತು ಕಾರ್ಖಾನೆಗಳಿದ್ದವು. ಅನೇಕ ದೇಶಗಳಲ್ಲಿ ಶಾಖೆಗಳಿದ್ದವು. 1907ರಲ್ಲಿ ಪಾಥೆ ಚಿತ್ರದ ಪ್ರತಿಗಳನ್ನು ಮೀಟರ್ ಲೆಕ್ಕದಲ್ಲಿ ಮಾರುವುದನ್ನು ನಿಲ್ಲಿಸಿ ಬಾಡಿಗೆಗೆ ಕೊಡುವ ಪದ್ಧತಿಗೆ ಬಂದಿತು. ಮಾರುವಾಗ ಒಂದೇ ಪ್ರತಿಯನ್ನು ಊರಿಂದೂರಿಗೆ ಹರಿಯುವವರೆಗೆ ತೋರಿಸುತ್ತಿದ್ದರು. ಬಾಡಿಗೆ ಬಂದಮೇಲೆ ಚಿತ್ರಮಂದಿರಗಳು ನಿಯಮಿತವಾಗಿ ಹೊಸ ಸರಕು ಕೇಳತೊಡಗಿದವು. ಅದೇ ಜನ ಮತ್ತೆ ಮತ್ತೆ ಬರಬೇಕಾದರೆ ಪರಿಚಿತ ಮುಖವೊಂದು ಬೇಕು. ಹಾಸ್ಯದ ಸರಣಿಗಳು ಹುಟ್ಟಿದ್ದು ಈ ಅಗತ್ಯದಿಂದ.

ಪಾಥೆಯ ಮೊದಲ ಸರಣಿ ನಟ ಆಂಡ್ರೆ ದೀದ್. ‘ಬ್ವಾರೋ’ ಎಂಬ ಪಾತ್ರದಲ್ಲಿ ಮೇಜು ಕುರ್ಚಿ ಒಡೆದು ಬೀದಿಯನ್ನೇ ಅಲ್ಲೋಲಕಲ್ಲೋಲ ಮಾಡುತ್ತಿದ್ದ. ಅವನನ್ನು ಇಟಲಿಯ ಕಂಪನಿಯೊಂದು ಹೆಚ್ಚು ಹಣ ಕೊಟ್ಟು ಸೆಳೆದುಕೊಂಡಾಗ ತೆರವಾದ ಜಾಗ ಲಿಂಡರ್‌ಗೆ ಸಿಕ್ಕಿತು. 1910ರ ವೇಳೆಗೆ ‘ಮ್ಯಾಕ್ಸ್ ಸ್ನಾನ ಮಾಡುತ್ತಾನೆ’, ‘ಮ್ಯಾಕ್ಸ್ ಮತ್ತು ಅತ್ತೆ’ ಎಂಬಂಥ ಶೀರ್ಷಿಕೆಗಳ ಸಾಲು ಶುರುವಾಯಿತು. ಅಮೆರಿಕದ ಕಂಪನಿಗಳು ನಟರು ಸಂಬಳ ಹೆಚ್ಚು ಕೇಳಿಯಾರೆಂದು ಅವರ ಹೆಸರನ್ನೇ ಮುಚ್ಚಿಡುತ್ತಿದ್ದ ಪದ್ಧತಿ ಸಡಿಲವಾಗತೊಡಗಿದ್ದು ಇದೇ ಹೊತ್ತಿಗೆ. ಪಾಥೆ ಹೆಸರನ್ನು ಮುಚ್ಚಿಡುವ ಬದಲು ಅದನ್ನೇ ಮಾರಿತು. ಲಿಂಡರ್ ಸಂಬಳ ಹೆಚ್ಚು ಕೇಳಿದ್ದೂ ನಿಜವೇ: 1912ರ ಕರಾರು ಹತ್ತು ಲಕ್ಷ ಫ್ರಾಂಕಿನದೆಂದು ಪ್ರಚಾರವಾಯಿತು.

1910ರ ‘ಮ್ಯಾಕ್ಸ್‌ನ ಸಿನಿಮಾ ಪ್ರವೇಶ’ ಎಂಬ ಅರ್ಥದ ಚಿತ್ರ ಆ ಕಾಲಕ್ಕೆ ವಿಚಿತ್ರವಾದದ್ದು. ಕೆಲಸ ಕೇಳಿಕೊಂಡು ಮ್ಯಾಕ್ಸ್ ಪಾಥೆ ಕಚೇರಿಗೆ ಹೋಗುತ್ತಾನೆ. ಶಾರ್ಲ್ ಪಾಥೆ ತಾನೇ ಪರದೆಯ ಮೇಲೆ ಬರುತ್ತಾನೆ. ಬಳಿಕ ಚಿತ್ರೀಕರಣದ ನೆಪದಲ್ಲಿ ಮ್ಯಾಕ್ಸ್‌ಗೆ ಪೆಟ್ಟಿನ ಮೇಲೆ ಪೆಟ್ಟು. ಸಿನಿಮಾ ತನ್ನ ಅಂಗಳವನ್ನೇ ತೋರಿಸಿ ನಗಿಸಿದ ಮೊದಮೊದಲ ಉದಾಹರಣೆಗಳಲ್ಲಿ ಇದೂ ಒಂದು.

‘ಮ್ಯಾಕ್ಸ್ ಸ್ನಾನ ಮಾಡುತ್ತಾನೆ’ ಚಿತ್ರವನ್ನು ಸ್ವಲ್ಪ ನಿಧಾನವಾಗಿ ನೋಡಬೇಕು. ವೈದ್ಯರು ತಣ್ಣೀರಿನ ಸ್ನಾನ ಮಾಡಲು ಹೇಳುತ್ತಾರೆ. ಮ್ಯಾಕ್ಸ್ ತೊಟ್ಟಿ ಕೊಂಡು ತಾನೇ ಹೊತ್ತು ತರುತ್ತಾನೆ. ಮನೆಯೊಳಗೆ ನಲ್ಲಿಯಿಲ್ಲ, ಇರುವುದು ಮಹಡಿ ಮೆಟ್ಟಿಲಿನ ಹೊರಗಿನ ಜಗಲಿಯಲ್ಲಿ. ಸಣ್ಣ ಪಾತ್ರೆಯಲ್ಲಿ ನೀರು ಸುರಿದು ಸುರಿದು ಸಾಕಾಗಿ ಕೊನೆಗೆ ತೊಟ್ಟಿಯನ್ನೇ ನಲ್ಲಿಯ ಬಳಿ ಎಳೆದುಕೊಂಡು ಹೋಗಿ, ಬಟ್ಟೆ ಬಿಚ್ಚಿ ಅಲ್ಲೇ ಕೂರುತ್ತಾನೆ. ಪಕ್ಕದ ಮನೆಯವರು ಹಾದುಹೋಗುವಾಗ ನೀರಿನಿಂದಲೇ ಸೌಜನ್ಯದಿಂದ ನಮಸ್ಕಾರ. ಪೊಲೀಸರು ಬಂದು ತೊಟ್ಟಿಯ ಸಮೇತ ಠಾಣೆಗೆ ಹೊತ್ತೊಯ್ಯುತ್ತಾರೆ. ಅಲ್ಲಿಂದ ಅವನು ತೊಟ್ಟಿಯನ್ನು ಆಮೆಯ ಚಿಪ್ಪಿನಂತೆ ಬೆನ್ನಿಗೇರಿಸಿಕೊಂಡು ಗೋಡೆ ಹತ್ತಿ ಪಾರಾಗುತ್ತಾನೆ. ನೆಲಕ್ಕೆ ಗೋಡೆಯ ಚಿತ್ರ ಬಿಡಿಸಿ ಕ್ಯಾಮೆರಾವನ್ನು ಮೇಲಿನಿಂದ ಇಟ್ಟು ಸಾಧಿಸಿದ ಕೈಚಳಕವದು. ಈ ಕಥೆಯಲ್ಲಿ ದುಷ್ಟರು ಯಾರೂ ಇಲ್ಲ. ಹಂತ ಹಂತವಾಗಿ ಪ್ರತಿಯೊಂದು ಹೆಜ್ಜೆಯೂ ತರ್ಕಬದ್ಧ. ಕೊನೆಗೆ ತಲುಪುವ ಜಾಗ ಮಾತ್ರ ಹುಚ್ಚುತನದ್ದು.

1910ರ ಕೊನೆಯಲ್ಲಿ ಕರುಳಿನ ಕಾಯಿಲೆಯಿಂದ ಹಾಸಿಗೆ ಹಿಡಿದ ಲಿಂಡರ್ ಹಲವು ತಿಂಗಳು ಕೆಲಸ ಮಾಡಲಾಗಲಿಲ್ಲ. ಗುಣವಾಗಿ ಬಂದಮೇಲೆ ತನ್ನ ಚಿತ್ರಗಳ ನಿರ್ದೇಶನವನ್ನೂ ಕೈಗೆತ್ತಿಕೊಂಡ. ಅವನ ಅತ್ಯುತ್ತಮ ಕಿರುಚಿತ್ರಗಳು 1911ರಿಂದ 1914ರ ನಡುವಿನವು. ಅವುಗಳಲ್ಲಿ ಮೊದಲ ಸ್ಥಾನ ‘ಕ್ವಿನಾ ಟಾನಿಕ್ಕಿಗೆ ಬಲಿಯಾದ ಮ್ಯಾಕ್ಸ್’ (1911) ಚಿತ್ರಕ್ಕೆ. ಶಕ್ತಿಗೆಂದು ವೈದ್ಯರು ಸಿಂಕೋನಾ ತೊಗಟೆಯ ಸಾರ ಬೆರೆಸಿದ ದ್ರಾಕ್ಷಾರಸವನ್ನು ಬರೆದುಕೊಡುತ್ತಾರೆ. ಮ್ಯಾಕ್ಸ್ ದೊಡ್ಡ ಲೋಟದ ತುಂಬ ಕುಡಿದು, ಅಮಲೇರಿ ಊರು ಸುತ್ತಲು ಹೊರಡುತ್ತಾನೆ. ಸಿಕ್ಕ ಸಿಕ್ಕ ಗಣ್ಯರ ಜೊತೆ ಜಗಳ. ಆ ಕಾಲದ ರೀತಿಯಂತೆ ಪ್ರತಿಯೊಬ್ಬರೂ ದ್ವಂದ್ವಯುದ್ಧಕ್ಕೆ ಕರೆದು ತಮ್ಮ ವಿಸಿಟಿಂಗ್ ಕಾರ್ಡು ಕೊಟ್ಟುಹೋಗುತ್ತಾರೆ. ಅಮಲಿನಲ್ಲಿ ಬಿದ್ದವನನ್ನು ಎತ್ತುವ ಪೊಲೀಸರು ಜೇಬಿನ ಕಾರ್ಡು ನೋಡಿ, ಇವನೇ ಆ ದೊಡ್ಡ ಮನುಷ್ಯನೆಂದು ಭಾವಿಸಿ, ಸಲಾಮು ಹೊಡೆದು ಆಯಾ ಮನೆಗೆ ಬಿಟ್ಟುಬರುತ್ತಾರೆ. ಒಬ್ಬೊಬ್ಬ ಪೊಲೀಸನಿಗೆ ಒಂದೊಂದು ಕಾರ್ಡು. ಅಧಿಕಾರದ ಮುಂದೆ ಬಾಗುವ ನಡುಗಳ ಬಗ್ಗೆ ಇದಕ್ಕಿಂತ ಚುರುಕಾದ ವಿಡಂಬನೆ ಆ ಕಾಲದ ಸಿನಿಮಾದಲ್ಲಿ ವಿರಳ. ಕುಡುಕನ ನಟನೆಯಲ್ಲಿ ಲಿಂಡರ್ ತೋರಿಸುವ ಹಿಡಿತವೂ ಗಮನಾರ್ಹ. ಕಾಲು ತಪ್ಪುತ್ತದೆ, ಬೆನ್ನು ಮಾತ್ರ ನೆಟ್ಟಗೇ ಇರುತ್ತದೆ.

‘ಮ್ಯಾಕ್ಸ್‌ನ ಪ್ರೇಮಕಥೆ’ (1912)ಯಲ್ಲಿ ಹೋಟೆಲಿನ ಎರಡು ಕೋಣೆಗಳ ಬಾಗಿಲ ಮುಂದೆ ಬಿಟ್ಟ ಗಂಡು ಹೆಣ್ಣಿನ ಬೂಟುಗಳೇ ಒಂದನ್ನೊಂದು ಒಲಿಯುತ್ತವೆ, ಯಜಮಾನರು ಆಮೇಲೆ ಹಿಂಬಾಲಿಸುತ್ತಾರೆ. ಗೂಳಿ ಕಾಳಗದ ಚಿತ್ರಕ್ಕಾಗಿ 1912ರಲ್ಲಿ ಬಾರ್ಸಿಲೋನಾದ ಅಖಾಡಕ್ಕೆ ತಾನೇ ಇಳಿದ. ಜೇನ್ ರೆನುವಾರ್, ಸ್ಟಾಸಿಯಾ ನಾಪಿಯೆರ್ಕೊವ್ಸ್ಕಾ ಮೊದಲಾದವರು ಅವನ ಜೊತೆ ನಟಿಸಿದರು. ಮುಂದೆ ಫ್ರೆಂಚ್ ರಂಗಭೂಮಿ ಮತ್ತು ಸಿನಿಮಾದಲ್ಲಿ ದೊಡ್ಡ ಹೆಸರಾದ ಗಾಬಿ ಮೊರ್ಲೆಯೂ ಪರದೆಗೆ ಬಂದದ್ದು ಇವನ ಚಿತ್ರಗಳ ಮೂಲಕ.

ಚಿತ್ರಗಳಿಗಿಂತ ಮುಂದಾಗಿ ಅವನ ಕೀರ್ತಿ ಓಡುತ್ತಿತ್ತು. 1912-13ರಲ್ಲಿ ಅವನು ಸ್ಪೇನ್, ಜರ್ಮನಿ, ಆಸ್ಟ್ರಿಯಾ, ಹಂಗೇರಿ, ರಷ್ಯಾಗಳಲ್ಲಿ ಪ್ರವಾಸ ಮಾಡಿ ವೇದಿಕೆಯ ಮೇಲೆ ಪ್ರದರ್ಶನ ಕೊಟ್ಟ. ರೈಲು ನಿಲ್ದಾಣಗಳಲ್ಲಿ ಜನಸಾಗರ. ರಷ್ಯಾದಲ್ಲಿ ಅವನಿಗೆ ಪಿಯಾನೋ ನುಡಿಸಿದ ಯುವಕ ಡಿಮಿಟ್ರಿ ಟಿಯೊಮ್ಕಿನ್. ಮುಂದೆ ಹಾಲಿವುಡ್ಡಿನಲ್ಲಿ ‘ಹೈ ನೂನ್’ ಚಿತ್ರದ ಸಂಗೀತಕ್ಕೆ ಆಸ್ಕರ್ ಪಡೆದವನು ಈತನೇ. ಮೂಕಿಚಿತ್ರಕ್ಕೆ ಭಾಷೆಯ ತಡೆಯಿಲ್ಲವೆಂಬ ಮಾತನ್ನು ಎಲ್ಲರೂ ಹೇಳುತ್ತಾರೆ. ಆದರೆ ಲಿಂಡರ್ ನಟನೆಯೇ ಹಾಗಿತ್ತು: ಪರದೆಯ ಬರಹ ಅತಿ ಕಡಿಮೆ, ಹುಬ್ಬಿನ ಒಂದು ಏರಿಳಿತದಲ್ಲಿ ವಾಕ್ಯವೊಂದು ಮುಗಿಯುತ್ತಿತ್ತು. ಕೈಬೀಸಿ ಕಣ್ಣರಳಿಸಿ ನಟಿಸುತ್ತಿದ್ದ ಅಂದಿನ ಇತರರ ನಡುವೆ ಈ ಮಿತ ಅಭಿನಯ ಇಂದಿಗೂ ಹಳತಾಗಿ ಕಾಣುವುದಿಲ್ಲ. 1914ರಲ್ಲಿ ಪ್ಯಾರಿಸ್ಸಿನ ಪ್ವಾಸೋನಿಯೇರ್ ಬುಲ್ವಾರಿನ ‘ಕಾಸ್ಮೊರಾಮಾ’ ಚಿತ್ರಮಂದಿರವನ್ನು ಕೊಂಡು ಅದಕ್ಕೆ ತನ್ನ ಹೆಸರಿಟ್ಟ.

ಯುದ್ಧ, ಅಮೆರಿಕ, ಚಾಪ್ಲಿನ್

1914ರ ಆಗಸ್ಟಿನಲ್ಲಿ ಯುದ್ಧ ಬಂತು. ಲಿಂಡರ್ ಸೈನ್ಯದಲ್ಲಿ ವಾಹನ ಓಡಿಸುವ ಕೆಲಸ ಮಾಡಿದ. ಅವನು ಸತ್ತನೆಂಬ ಸುಳ್ಳು ಸುದ್ದಿ ಪತ್ರಿಕೆಗಳಲ್ಲಿ ಹಬ್ಬಿತು. ಆರೋಗ್ಯ ಕೆಟ್ಟು ಸೇವೆಯಿಂದ ಬಿಡುಗಡೆಯಾದ. ಮೊದಲೇ ದುರ್ಬಲವಾಗಿದ್ದ ದೇಹ ಆಮೇಲೆ ಪೂರ್ತಿ ಚೇತರಿಸಿಕೊಳ್ಳಲೇ ಇಲ್ಲ. ಮನಸ್ಸೂ ಖಿನ್ನತೆಗೆ ಜಾರುತ್ತ ಹೋಯಿತು. ಇತ್ತ ಫ್ರೆಂಚ್ ಚಿತ್ರೋದ್ಯಮವೂ ಯುದ್ಧದಿಂದ ಕುಸಿದು ಮಾರುಕಟ್ಟೆ ಅಮೆರಿಕನ್ನರ ಪಾಲಾಗತೊಡಗಿತು. ನಟನೂ ಅವನ ಉದ್ಯಮವೂ ಒಟ್ಟಿಗೇ ಗಾಯಗೊಂಡದ್ದು ಲಿಂಡರ್ ಜೀವನದ ಮುಖ್ಯ ತಿರುವು.

1916ರಲ್ಲಿ ಚಾಪ್ಲಿನ್ ಶಿಕಾಗೋದ ಎಸ್ಸನೆ ಕಂಪನಿಯನ್ನು ಬಿಟ್ಟು ಮ್ಯೂಚುಯಲ್‌ಗೆ ಹೋದ. ತೆರವಾದ ಜಾಗಕ್ಕೆ ಎಸ್ಸನೆಯ ಜಾರ್ಜ್ ಸ್ಪೂರ್ ಲಿಂಡರ್‌ನನ್ನು ವಾರಕ್ಕೆ 5,000 ಡಾಲರಿನಂತೆ ಕರೆತಂದ. ಹನ್ನೆರಡು ಚಿತ್ರಗಳ ಕರಾರು, ಮುಗಿದದ್ದು ಮೂರೇ. ‘ಮ್ಯಾಕ್ಸ್ ಕಮ್ಸ್ ಅಕ್ರಾಸ್’, ‘ಮ್ಯಾಕ್ಸ್ ವಾಂಟ್ಸ್ ಎ ಡಿವೋರ್ಸ್’, ‘ಮ್ಯಾಕ್ಸ್ ಇನ್ ಎ ಟ್ಯಾಕ್ಸಿ’ (ಎಲ್ಲವೂ 1917) ಅಮೆರಿಕದ ಜನಕ್ಕೆ ಹಿಡಿಸಲಿಲ್ಲ. ಒದೆತ, ಓಟ, ಕೇಕು ಎಸೆತಗಳಿಗೆ ಒಗ್ಗಿದ್ದ ಅವರಿಗೆ ಈ ನಯಗಾರ ನಿಧಾನಿಯಾಗಿ ಕಂಡ. ಚಾಪ್ಲಿನ್ನನ ಜಾಗಕ್ಕೆ ಬಂದವನೆಂಬ ಪ್ರಚಾರವೂ ಅವನಿಗೆ ಮುಳುವಾಯಿತು. ಅಷ್ಟರಲ್ಲಿ ಶ್ವಾಸಕೋಶದ ಕಾಯಿಲೆ ಮರುಕಳಿಸಿ ಯೂರೋಪಿಗೆ ಮರಳಿ ಸ್ವಿಟ್ಜರ್ಲೆಂಡಿನಲ್ಲಿ ಚಿಕಿತ್ಸೆ ಪಡೆದ.

ಈ ಪ್ರವಾಸದಿಂದ ಉಳಿದ ಲಾಭವೆಂದರೆ ಚಾಪ್ಲಿನ್ ಗೆಳೆತನ. ಚಾಪ್ಲಿನ್ ತನ್ನ ಭಾವಚಿತ್ರವೊಂದರ ಮೇಲೆ ಲಿಂಡರ್‌ನನ್ನು ಗುರುವೆಂದೂ ತನ್ನನ್ನು ಶಿಷ್ಯನೆಂದೂ ಬರೆದು ಸಹಿ ಮಾಡಿಕೊಟ್ಟ. ಲಿಂಡರ್ ಕೂಡ ಚಾಪ್ಲಿನ್ ಚಿತ್ರೀಕರಣ ನೋಡಿ, ಒಂದು ದೃಶ್ಯಕ್ಕಾಗಿ ಅವನು ಮತ್ತೆ ಮತ್ತೆ ತಾಲೀಮು ಮಾಡುವ ತಾಳ್ಮೆಯನ್ನು ಮೆಚ್ಚಿ ಫ್ರೆಂಚ್ ಪತ್ರಿಕೆಯಲ್ಲಿ ಬರೆದ. ಚಾಪ್ಲಿನ್ ಅವನಿಂದ ಕದ್ದನೆಂಬ ಮಾತಿನಲ್ಲಿ ಹುರುಳಿಲ್ಲ. ಟೋಪಿ, ಬೆತ್ತ, ಮೀಸೆ ಇಬ್ಬರಲ್ಲೂ ಇವೆ. ಲಿಂಡರ್‌ನ ಶ್ರೀಮಂತ ತನ್ನ ಅಂತಸ್ತಿನಿಂದ ಜಾರಿ ಬೀಳದಂತೆ ಹೆಣಗುತ್ತಾನೆ. ಚಾಪ್ಲಿನ್ನನ ಅಲೆಮಾರಿ ಇಲ್ಲದ ಅಂತಸ್ತನ್ನು ಇದೆಯೆಂಬಂತೆ ನಡೆಸಿಕೊಂಡು ಹೋಗುತ್ತಾನೆ. ಒಂದೇ ಅಂಗಿಯನ್ನು ಚಾಪ್ಲಿನ್ ಒಳಗು ಹೊರಗು ಮಾಡಿ ತೊಟ್ಟ.

ಊರಿಗೆ ಮರಳಿದ ಮೇಲೆ ರೇಮಂಡ್ ಬರ್ನಾರ್ ನಿರ್ದೇಶನದ ‘ಲ ಪೆತಿ ಕಫೆ’ (1919)ಯಲ್ಲಿ ನಟಿಸಿದ. ನಿರ್ದೇಶಕನ ತಂದೆ ತ್ರಿಸ್ತಾಂ ಬರ್ನಾರ್ ಬರೆದ ನಾಟಕವಿದು. ಕಾಫಿ ಹೋಟೆಲಿನ ಮಾಣಿಗೆ ದೊಡ್ಡ ಆಸ್ತಿ ಬರಲಿದೆಯೆಂದು ಮೊದಲೇ ತಿಳಿದ ಮಾಲೀಕ, ಕೆಲಸ ಬಿಟ್ಟರೆ ಭಾರಿ ದಂಡ ಕೊಡಬೇಕಾದ ದೀರ್ಘ ಕರಾರಿಗೆ ಅವನಿಂದ ಸಹಿ ಹಾಕಿಸಿಕೊಳ್ಳುತ್ತಾನೆ. ಕೋಟ್ಯಧೀಶ ಹಗಲು ತಟ್ಟೆ ಹೊರುತ್ತಾನೆ, ರಾತ್ರಿ ದೊಡ್ಡವರ ಜೊತೆ ಮೆರೆಯುತ್ತಾನೆ. ಎರಡೂ ಬಗೆಯ ನಡತೆಯನ್ನು ಒಂದೇ ದೇಹದಲ್ಲಿ ತೋರಿಸುವ ಈ ಪಾತ್ರ ಲಿಂಡರ್‌ಗಾಗಿಯೇ ಹೊಲಿದಂತಿತ್ತು. ಯೂರೋಪಿನಲ್ಲಿ ಚಿತ್ರ ಗೆದ್ದಿತು.

ಮೂರು ದೀರ್ಘ ಚಿತ್ರಗಳು

ಗೆಲುವಿನ ಧೈರ್ಯದಿಂದ ಮತ್ತೆ ಅಮೆರಿಕಕ್ಕೆ ಹೋಗಿ ಈ ಸಲ ಸ್ವಂತ ಕಂಪನಿ ಮಾಡಿದ. ಬರೆದು, ನಿರ್ಮಿಸಿ, ನಿರ್ದೇಶಿಸಿ, ನಟಿಸಿದ ಮೂರು ಚಿತ್ರಗಳಲ್ಲಿ ‘ಸೆವೆನ್ ಇಯರ್ಸ್ ಬ್ಯಾಡ್ ಲಕ್’ (1921) ಅವನ ಕೆಲಸದ ಶಿಖರ. ಮದುವೆಗೆ ಮುಂಚಿನ ಕುಡಿತದ ಕೂಟ ಮುಗಿಸಿ ಮಲಗಿದ ಮ್ಯಾಕ್ಸ್‌ನ ಮನೆಯಲ್ಲಿ ಆಳುಗಳ ಚೆಲ್ಲಾಟದಿಂದ ನಿಲುವುಗನ್ನಡಿ ಒಡೆಯುತ್ತದೆ. ಗುಟ್ಟು ಮುಚ್ಚಲು ಯಜಮಾನನನ್ನೇ ಹೋಲುವ ಅಡುಗೆಯವನಿಗೆ ಅದೇ ಬಟ್ಟೆ ತೊಡಿಸಿ ಖಾಲಿ ಚೌಕಟ್ಟಿನ ಆಚೆ ನಿಲ್ಲಿಸುತ್ತಾರೆ. ತಲೆ ಭಾರವಾದ ಮ್ಯಾಕ್ಸ್ ‘ಕನ್ನಡಿ’ಯ ಮುಂದೆ ಮುಖಕ್ಷೌರಕ್ಕೆ ನಿಲ್ಲುತ್ತಾನೆ, ಆಚೆಯವನು ಪ್ರತಿ ಚಲನೆಯನ್ನೂ ಅನುಕರಿಸುತ್ತಾನೆ. ನಿಮಿಷಗಟ್ಟಲೆ ನಡೆಯುವ ಈ ದೃಶ್ಯದಲ್ಲಿ ಅನುಮಾನ, ಪರೀಕ್ಷೆ, ಸಮಾಧಾನ, ಮತ್ತೆ ಅನುಮಾನ ಒಂದರ ಬೆನ್ನಿಗೊಂದು ಬರುತ್ತವೆ. ಮೋಸ ಬಯಲಾಗಿ, ತಕ್ಕ ಶಾಸ್ತಿ ಮಾಡಬೇಕೆಂದು ಹೊಂಚುವಷ್ಟರಲ್ಲಿ ಅವನಿಗೆ ಗೊತ್ತಿಲ್ಲದಂತೆ ಹೊಸ ಗಾಜು ಕೂರಿಸಿರುತ್ತಾರೆ. ಮ್ಯಾಕ್ಸ್ ಎಸೆದ ವಸ್ತು ನಿಜವಾದ ಕನ್ನಡಿಯನ್ನೇ ಒಡೆಯುತ್ತದೆ. ಅಪಶಕುನದ ಏಳು ವರ್ಷ ಅಲ್ಲಿಂದ ಆರಂಭ.

ಕನ್ನಡಿಯ ಈ ಆಟ ಲಿಂಡರ್‌ನ ಸ್ವಂತ ಕಲ್ಪನೆಯಲ್ಲ. ನಾಟಕದ ವೇದಿಕೆಯಲ್ಲಿ ಹಿಂದೆಯೂ ಇತ್ತು, ಚಾಪ್ಲಿನ್ನನ ‘ದಿ ಫ್ಲೋರ್‌ವಾಕರ್’ (1916) ಚಿತ್ರದಲ್ಲೂ ಅದರ ಸುಳಿವಿದೆ. ಅದನ್ನು ಪೂರ್ಣ ಪ್ರಸಂಗವಾಗಿ ಬೆಳೆಸಿದ ಹೆಗ್ಗಳಿಕೆ ಇವನದು. ಮಾರ್ಕ್ಸ್ ಸೋದರರ ‘ಡಕ್ ಸೂಪ್’ (1933) ಚಿತ್ರದ ಹೆಸರಾಂತ ಕನ್ನಡಿ ದೃಶ್ಯವನ್ನು ನೋಡಿದವರು ಈ ಚಿತ್ರವನ್ನೂ ನೋಡಿದರೆ ದಾರಿ ಎಲ್ಲಿಂದ ಬಂತೆಂದು ಕಾಣುತ್ತದೆ.

‘ಬಿ ಮೈ ವೈಫ್’ (1921)ನಲ್ಲಿ ತನ್ನ ಶೌರ್ಯ ತೋರಿಸಲು ಮ್ಯಾಕ್ಸ್ ಪರದೆಯ ಹಿಂದೆ ಇಲ್ಲದ ಕಳ್ಳನೊಡನೆ ಒಬ್ಬನೇ ಹೊಡೆದಾಡುವ ಪ್ರಸಂಗ ಚೆನ್ನಾಗಿದೆ, ಉಳಿದದ್ದು ಸಾಧಾರಣ. ‘ದಿ ತ್ರೀ ಮಸ್ಟ್-ಗೆಟ್-ದೇರ್ಸ್’ (1922) ಡಗ್ಲಾಸ್ ಫೇರ್‌ಬ್ಯಾಂಕ್ಸ್‌ನ ‘ದಿ ತ್ರೀ ಮಸ್ಕಿಟಿಯರ್ಸ್’ (1921) ಚಿತ್ರದ ಅಣಕ. ಹದಿನೇಳನೆಯ ಶತಮಾನದ ಖಡ್ಗವೀರರು ಟೆಲಿಫೋನು, ಮೋಟಾರ್‌ಸೈಕಲ್ಲುಗಳನ್ನು ಸಹಜವೆಂಬಂತೆ ಬಳಸುತ್ತಾರೆ. ಮೂರು ಚಿತ್ರಗಳೂ ನಿರೀಕ್ಷಿಸಿದಷ್ಟು ಹಣ ತರಲಿಲ್ಲ. ಚಾಪ್ಲಿನ್, ಕೀಟನ್, ಲಾಯ್ಡ್ ಮೂವರೂ ಉತ್ತುಂಗದಲ್ಲಿದ್ದ ಮಾರುಕಟ್ಟೆಯಲ್ಲಿ ನಾಲ್ಕನೆಯವನಿಗೆ ಜಾಗ ಸಿಗಲಿಲ್ಲ. 1922ರಲ್ಲಿ ಲಿಂಡರ್ ಫ್ರಾನ್ಸಿಗೆ ಮರಳಿದ.

ಕೊನೆಯ ವರ್ಷಗಳು

ಅಬೆಲ್ ಗಾನ್ಸ್ ತನ್ನ ಬೃಹತ್ ಚಿತ್ರಗಳಾದ ‘ಲಾ ರೂ’ ಮತ್ತು ‘ನೆಪೋಲಿಯನ್’ಗಳ ನಡುವಿನ ಬಿಡುವಿನಲ್ಲಿ, ಕೆಲವೇ ದಿನಗಳಲ್ಲಿ ಲಿಂಡರ್‌ಗಾಗಿ ‘ಓ ಸಕೂರ್!’ (1924) ತೆಗೆದ. ದೆವ್ವದ ಕೋಟೆಯಲ್ಲಿ ರಾತ್ರಿ ಒಂದು ಗಂಟೆ ಹೊತ್ತು ಹೆದರದೆ ಇರುವುದಾಗಿ ಪಂತ ಕಟ್ಟಿದವನ ಕಥೆ. ದೆವ್ವಗಳಿಗೆ ಬಗ್ಗದವನು ಕೊನೆಯ ಗಳಿಗೆಯಲ್ಲಿ ಹೆಂಡತಿ ಅಪಾಯದಲ್ಲಿದ್ದಾಳೆಂಬ ದೂರವಾಣಿ ಕರೆಗೆ ಸೋಲುತ್ತಾನೆ. ಇಲ್ಲಿ ಲಿಂಡರ್‌ನ ಭಯದ ಅಭಿನಯ ನಗೆಯ ಗಡಿ ದಾಟುತ್ತದೆ. ಮುಂದಿನದು ವಿಯೆನ್ನಾದಲ್ಲಿ ತಯಾರಾದ ಸರ್ಕಸ್ ಕಥೆ. ನಾಯಕಿ ವಿಲ್ಮಾ ಬಾಂಕಿ ಆಮೇಲೆ ಹಾಲಿವುಡ್ ತಾರೆಯಾದಳು. ಪೂರ್ಣಗೊಂಡ ಅವನ ಕೊನೆಯ ಚಿತ್ರ ಅದೇ.

1923ರ ಆಗಸ್ಟಿನಲ್ಲಿ ತನಗಿಂತ ಬಹಳ ಚಿಕ್ಕವಳಾದ ಎಲೆನ್ ಪೀಟರ್ಸ್‌ಳನ್ನು ಮದುವೆಯಾದ. 1924ರ ಜೂನ್‌ನಲ್ಲಿ ಮಗಳು ಮೋದ್ ಹುಟ್ಟಿದಳು. ಸಂಸಾರ ನೆಮ್ಮದಿಯದಾಗಿರಲಿಲ್ಲ. ಖಿನ್ನತೆಯ ಜೊತೆಗೆ ಹೆಂಡತಿಯ ಮೇಲೆ ಅವನಿಗಿದ್ದ ತೀವ್ರ ಸಂಶಯವೂ ಬೆಳೆಯಿತು. 1924ರಲ್ಲಿ ವಿಯೆನ್ನಾದಲ್ಲಿ ಇಬ್ಬರೂ ಸಾವಿನ ಅಂಚಿನಿಂದ ಪಾರಾದರು. 1925ರ ಅಕ್ಟೋಬರ್ 31ರ ಸುಮಾರಿಗೆ ಪ್ಯಾರಿಸ್ಸಿನ ಹೋಟೆಲೊಂದರಲ್ಲಿ ಇಬ್ಬರೂ ಸತ್ತರು. ಜೋಡಿ ಆತ್ಮಹತ್ಯೆ ಎಂದು ಅಂದು ವರದಿಯಾಯಿತು. ಎಳೆಯ ಹೆಂಡತಿಯ ಒಪ್ಪಿಗೆ ಅದರಲ್ಲಿ ಎಷ್ಟಿತ್ತೆಂಬ ಪ್ರಶ್ನೆಯನ್ನು ನಂತರದ ಬರಹಗಾರರು ಎತ್ತಿದ್ದಾರೆ. ಪ್ರತಿಭೆಯ ದುರಂತವೆಂದು ಇದಕ್ಕೆ ಬಣ್ಣ ಕಟ್ಟುವ ರೂಢಿ ಸರಿಯಲ್ಲ. ಲಿಂಡರ್‌ನನ್ನು ಹುಟ್ಟೂರಾದ ಸೇಂಟ್ ಲೂಬೆಯಲ್ಲಿ ಸಮಾಧಿ ಮಾಡಿದರು.

ಮಾತಿನ ಚಿತ್ರಗಳು ಬಂದು ಮೂಕಿಗಳ ಬೆಲೆ ಇಳಿಯಿತು. ನೈಟ್ರೇಟ್ ಫಿಲ್ಮಿನ ಪ್ರತಿಗಳು ತಾವಾಗಿಯೇ ಕೊಳೆತವು. ನೂರಾರು ಕಿರುಚಿತ್ರಗಳಲ್ಲಿ ದೊಡ್ಡ ಪಾಲು ಹೀಗೆ ನಾಶವಾಯಿತು. ತಂದೆತಾಯಿಯ ನೆನಪೇ ಇಲ್ಲದೆ ತಾಯಿಯ ಕಡೆಯವರ ಮನೆಯಲ್ಲಿ ಬೆಳೆದ ಮೋದ್ ಲಿಂಡರ್, ದೊಡ್ಡವಳಾದ ಮೇಲೆ ತಂದೆಯ ಚಿತ್ರಗಳನ್ನು ದೇಶದೇಶಗಳಲ್ಲಿ ಹುಡುಕಿ ಕೂಡಿಸಿದಳು. ಅಮೆರಿಕದ ಮೂರು ದೀರ್ಘ ಚಿತ್ರಗಳ ಭಾಗಗಳನ್ನು ಸೇರಿಸಿ 1963ರಲ್ಲಿ ‘ಮ್ಯಾಕ್ಸ್ ಲಿಂಡರ್ ಜೊತೆಯಲ್ಲಿ’ ಎಂಬರ್ಥದ ಸಂಕಲನ ತಂದಳು. 1983ರಲ್ಲಿ ‘ರೇಷ್ಮೆ ಟೋಪಿಯ ಮನುಷ್ಯ’ ಎಂಬರ್ಥದ ಸಾಕ್ಷ್ಯಚಿತ್ರ ಮಾಡಿದಳು. ತಂದೆಯ ಬಗ್ಗೆ ಪುಸ್ತಕ ಬರೆದಳು. 2017ರಲ್ಲಿ ತೀರಿಕೊಂಡಳು. ಕ್ವೆಂಟಿನ್ ಟರಂಟಿನೊ ತನ್ನ ‘ಇನ್‌ಗ್ಲೋರಿಯಸ್ ಬಾಸ್ಟರ್ಡ್ಸ್’ (2009) ಚಿತ್ರದಲ್ಲಿ ಲಿಂಡರ್ ಮತ್ತು ಚಾಪ್ಲಿನ್‌ರಲ್ಲಿ ಯಾರು ಮೇಲೆಂಬ ಮಾತುಕತೆಯನ್ನು ಇಟ್ಟಮೇಲೆ ಹೊಸ ಪೀಳಿಗೆಯ ಕೆಲವರ ಕಿವಿಗೂ ಈ ಹೆಸರು ಬಿದ್ದಿದೆ. ಅವನು ಕೊಂಡಿದ್ದ ಚಿತ್ರಮಂದಿರ ‘ಮ್ಯಾಕ್ಸ್ ಲಿಂಡರ್ ಪನೋರಮಾ’ ಎಂಬ ಹೆಸರಿನಲ್ಲಿ ಈ ಶತಮಾನಕ್ಕೂ ಮುಂದುವರಿದು ಬಂದಿತು.

ಹೊಸದಾಗಿ ನೋಡುವವರು ಅಮೆರಿಕದ ದೀರ್ಘ ಚಿತ್ರಗಳಿಂದ ಆರಂಭಿಸುವುದು ವಾಡಿಕೆ, ಸುಲಭವಾಗಿ ಸಿಗುವುದು ಅವೇ. ಆದರೆ ಕ್ವಿನಾ ಟಾನಿಕ್ಕಿನ ಚಿತ್ರವನ್ನೂ ಸ್ನಾನದ ತೊಟ್ಟಿಯದನ್ನೂ ಮೊದಲು ನೋಡಿ, ಆಮೇಲೆ ಕನ್ನಡಿಯ ದೃಶ್ಯಕ್ಕೆ ಬರುವುದು ಒಳ್ಳೆಯದು. ಒಂದು ರೀಲಿನ ಇಕ್ಕಟ್ಟಿನಲ್ಲಿ ಕಲಿತ ಲೆಕ್ಕಾಚಾರವನ್ನು ಹತ್ತು ವರ್ಷಗಳ ನಂತರ ಅವನು ಎಷ್ಟು ಸಾವಧಾನವಾಗಿ ಹರಡಿದ್ದಾನೆಂಬುದು ಆಗ ಸ್ಪಷ್ಟವಾಗುತ್ತದೆ.